ಪ್ರಶ್ನೆ ಕೇಳಿದರೆ ಭಕ್ತಿಗೆ ಕುಂದೇ?

1995ರ ಸೆಪ್ಟೆಂಬರ್ 21, ಗುರುವಾರ. ಗಣಪತಿ ಹಾಲು ಕುಡಿಯುತ್ತಿದ್ದಾನೆಂಬ ಸುದ್ದಿ ಟೆಲಿಫೋನಿನ ತಂತಿಯೇರಿ ದೇಶವನ್ನೆಲ್ಲ ಸುತ್ತಿ, ಅದೇ ದಿನ ಡೊಂಬಿವಲಿಯ ನಮ್ಮ ಚಾಳಿಗೂ ಬಂತು. ನಾವು ಆಗ ಶಾಲೆಯಲ್ಲಿ ಓದುತ್ತಿದ್ದೆವು. ತಾಯಿಯವರೊಡನೆ ಹಾಲಿನ ಲೋಟ ಹಿಡಿದು ಗುಡಿಯ ಸಾಲಿನಲ್ಲಿ ನಿಂತೆವು. ಚಮಚದ ಹಾಲು ಕಣ್ಣೆದುರಿಗೇ ಇಳಿಯಿತು. ತಾಯಿಯವರ ಕಣ್ಣು ತುಂಬಿ ಬಂತು.

ವಿಜ್ಞಾನಿಗಳು ಹಾಲಿಗೆ ಬಣ್ಣ ಬೆರೆಸಿ, ಅದು ಎಲ್ಲಿಗೆ ಹೋಗುತ್ತದೆಂಬುದನ್ನು ತೋರಿಸಿಕೊಟ್ಟರು. ಚಮಚದ ಅಂಚಿನ ಹಾಲು ವಿಗ್ರಹಕ್ಕೆ ತಗುಲಿದೊಡನೆ ಮೇಲ್ಮೈ ಎಳೆತದಿಂದ ಹೊರಬಂದು, ತೆಳುವಾದ ಪೊರೆಯಾಗಿ ಕೆಳಕ್ಕೆ ಹರಿಯುತ್ತದೆ. ಮುಂದೆ ಬಿ.ಎಸ್ಸಿ. ಓದುವಾಗ ಇದು ನಮಗೆ ಚೆನ್ನಾಗಿ ತಿಳಿಯಿತು. ಆದರೆ ಮನೆಯಲ್ಲಿ ಹೇಳಲಿಲ್ಲ. ಹಿರಿಯರ ಮನಸ್ಸು ನೋಯಿಸಬಾರದು, ಅದೇ ಗೌರವ ಎಂದುಕೊಂಡೆವು.

ಎರಡು ವರ್ಷದ ಹಿಂದೆ ನಮ್ಮ ಬಂಧುಗಳ ವಾಟ್ಸಾಪ್ ಗುಂಪಿನಲ್ಲಿ ಒಂದು ಸಂದೇಶ ಬಂತು. ಮೇಲೆ ದೇವರ ಚಿತ್ರ, ಕೆಳಗೆ ಸಕ್ಕರೆ ಕಾಯಿಲೆಯನ್ನು ಬೇರುಸಹಿತ ಕೀಳುವ ಕಷಾಯ. ನಾವೂ ಓದಿದೆವು, ನಕ್ಕು ಸುಮ್ಮನಾದೆವು. ತಾಯಿಯವರು ಮಾತ್ರ ಮೂರು ವಾರ ಗುಳಿಗೆ ಬಿಟ್ಟು ಕಷಾಯ ಕುಡಿದರು. ಕೊನೆಗೆ ಕಲ್ಯಾಣದ ಆಸ್ಪತ್ರೆಯೊಂದಕ್ಕೆ ಸೇರಿಸಬೇಕಾಯಿತು. "ದೇವರ ಚಿತ್ರ ಇತ್ತಲ್ಲೋ ತಮ್ಮಾ, ಸುಳ್ಳ ಬರೀತಾರೇನು?" ಎಂದು ಹಾಸಿಗೆಯಿಂದ ಕೇಳಿದಾಗ ನಮ್ಮ ಬಳಿ ಉತ್ತರವಿರಲಿಲ್ಲ.

ಆ ರಾತ್ರಿ ಡಾ. ಎಚ್. ನರಸಿಂಹಯ್ಯನವರು ನೆನಪಾದರು. ಭೌತಶಾಸ್ತ್ರದ ಮೇಷ್ಟ್ರು, ಗಾಂಧೀವಾದಿ, ಬೆಂಗಳೂರಿನ ನ್ಯಾಷನಲ್ ಕಾಲೇಜಿನ ಹಾಸ್ಟೆಲಿನ ಕೋಣೆಯಲ್ಲೇ ಬಾಳಿದ ಬ್ರಹ್ಮಚಾರಿ. ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಗಳಾಗಿದ್ದಾಗ, 1976ರಲ್ಲಿ, ಪವಾಡಗಳನ್ನೂ ಮೂಢನಂಬಿಕೆಗಳನ್ನೂ ಪರೀಕ್ಷಿಸಲು ಸಮಿತಿಯೊಂದನ್ನು ರಚಿಸಿದರು. ಪವಾಡಗಳನ್ನು ಪರೀಕ್ಷೆಗೊಡ್ಡಬೇಕೆಂದು ಸತ್ಯಸಾಯಿಬಾಬಾ ಅವರಿಗೆ ಪತ್ರ ಬರೆದರು, ಒಪ್ಪಿಗೆ ಬರಲಿಲ್ಲ. ತೋಳಿನಲ್ಲಿ ಅಡಗಿಸಲಾಗದಂಥ ಕುಂಬಳಕಾಯಿಯನ್ನು ಸೃಷ್ಟಿಸಿ ತೋರಿಸಲಿ ಎಂಬ ಅವರ ಸವಾಲು ನಾಡಿಗೆಲ್ಲ ಗೊತ್ತು. ಭಕ್ತರ ಮನಸ್ಸು ನೋಯಿಸಿದರೆಂದು ಆಗ ಅನೇಕರು ಮುನಿದರು. 2005ರಲ್ಲಿ ತೀರಿಕೊಳ್ಳುವವರೆಗೂ ಅವರು ಪ್ರಶ್ನಿಸುವುದನ್ನು ಬಿಡಲಿಲ್ಲ.

ಜನರ ಮೇಲೆ ಗೌರವವಿದ್ದವರು ಯಾರು? ಕೇಳಿ ನಿಷ್ಠುರರಾದ ಅವರೋ, ತಿಳಿದೂ ಬಾಯಿ ಮುಚ್ಚಿಕೊಂಡಿದ್ದ ನಾವೋ? ಮುದುಕರಿಗೆ ತಿಳಿಯಲಾರದೆಂದು ಮೊದಲೇ ತೀರ್ಮಾನಿಸಿ ಸುಮ್ಮನಿರುವುದು ಗೌರವವಲ್ಲ, ತಾತ್ಸಾರ. ಯಂತ್ರ ಹೊಸದಾದ ಮಾತ್ರಕ್ಕೆ ಅದರಲ್ಲಿ ಬಂದ ಮಾತು ನಿಜವಾಗದು. ತಂತಿಗಾಗಲಿ ಮೊಬೈಲಿಗಾಗಲಿ ವಿವೇಕವಿಲ್ಲ. ಅದನ್ನು ಹಿಡಿದ ಕೈಗೇ ಇರಬೇಕು.

ತಾಯಿಯವರು ಮನೆಗೆ ಬಂದ ಮೇಲೆ ಹಿತ್ತಾಳೆಯ ಗಣಪನನ್ನು ಮುಂದಿಟ್ಟು, ಚಮಚದಲ್ಲಿ ಅರಿಸಿನ ಬೆರೆಸಿದ ಹಾಲು ಹಿಡಿದು ತೋರಿಸಿದೆವು. ಹಳದಿ ಗೆರೆ ಸೊಂಡಿಲಿನಿಂದ ಹೊಟ್ಟೆಯ ಮೇಲೆ ಹರಿದು ತಟ್ಟೆಗಿಳಿಯಿತು. ಅವರು ಬಹಳ ಹೊತ್ತು ನೋಡಿದರು. "ಅವ ಕುಡೀಲಿಲ್ಲ ಅಂದ್ರ ಏನಾತು? ನಾ ಕೊಟ್ಟಿದ್ದು ಖರೇನ. ಆದ್ರ ಇಷ್ಟು ವರ್ಷ ಯಾಕ ಹೇಳಲಿಲ್ಲೋ?" ಎಂದರು.

ಈಗಲೂ ದಿನವೂ ದೀಪ ಹಚ್ಚುತ್ತಾರೆ. ಆಮೇಲೆ ಗುಳಿಗೆ ನುಂಗುತ್ತಾರೆ. ಮೊಬೈಲಿನಲ್ಲಿ ಏನು ಬಂದರೂ "ಇದು ಖರೇ ಏನೋ?" ಎಂದು ಕೇಳುತ್ತಾರೆ. ನಮ್ಮ ಓದುಗ ಬಾಂಧವರ ಮನೆಗಳಲ್ಲಿಯೂ ಈ ಪ್ರಶ್ನೆಗೆ ಜಾಗವಿರಲಿ ಎಂಬುದೇ ನಮ್ಮ ಕೋರಿಕೆ.