ಅನುತಾಪವಿಲ್ಲದ ಖ್ಯಾಪನ

ಮಾಡಿದ ಪಾಪವನ್ನು ಬಾಯಿಬಿಟ್ಟು ಹೇಳುವುದನ್ನು ಧರ್ಮಶಾಸ್ತ್ರಕಾರರು ಖ್ಯಾಪನವೆಂದೂ, ಅದಕ್ಕಾಗಿ ಒಳಗೊಳಗೇ ಬೇಯುವುದನ್ನು ಅನುತಾಪವೆಂದೂ ಕರೆದರು; ಮನುಸ್ಮೃತಿಯ ಹನ್ನೊಂದನೆಯ ಅಧ್ಯಾಯವು ಪಾಪವಿಮೋಚನೆಯ ಸಾಧನಗಳಲ್ಲಿ ಇವೆರಡನ್ನೂ ಜೊತೆಯಾಗಿಯೇ ಹೇಳುತ್ತದೆ. ತಾನಾಗಿ ಬಾಯಿಬಿಟ್ಟವನು ಒಳಗೆ ನೊಂದಿರಲೇಬೇಕೆಂಬ ನಂಬಿಕೆ ಈ ಜೋಡಣೆಯ ಹಿಂದಿರುವಂತೆ ತೋರುತ್ತದೆ. ಆದರೆ ಹೇಳುವವನು ಹೆಮ್ಮೆಯಿಂದಲೇ ಹೇಳಿಕೊಂಡರೆ ಅದಕ್ಕೆ ಏನೆನ್ನಬೇಕು, ಕೇಳಿಸಿಕೊಂಡವರ ಹೊಣೆ ಏನು ಎಂಬ ಕಠಿಣ ಪ್ರಶ್ನೆಯನ್ನು ಜೋಶುವಾ ಓಪನ್‌ಹೈಮರ್ ಇಂಡೋನೇಷ್ಯಾದಲ್ಲಿ ನಿರ್ಮಿಸಿದ ಎರಡು ಸಾಕ್ಷ್ಯಚಿತ್ರಗಳು ಎತ್ತುತ್ತವೆ.

1965-66ರಲ್ಲಿ ಸೈನ್ಯದ ಬೆಂಬಲದಿಂದ, ಕಮ್ಯುನಿಸ್ಟರೆಂಬ ಹಣೆಪಟ್ಟಿ ಹಚ್ಚಿ, ಅಂದಾಜು ಐದರಿಂದ ಹತ್ತು ಲಕ್ಷ ಜನರನ್ನು ಕೊಂದವರು ಶಿಕ್ಷೆಯಿಲ್ಲದೆ, ಊರಿನ ಗಣ್ಯರಾಗಿಯೇ ಬಾಳಿದರು. 'ದಿ ಆ್ಯಕ್ಟ್ ಆಫ್ ಕಿಲ್ಲಿಂಗ್' (2012) ಚಿತ್ರದಲ್ಲಿ ಮೇಡಾನ್ ನಗರದ ಅನ್ವರ್ ಕಾಂಗೊ ಒಂದು ಮಹಡಿಯ ಮೇಲೆ ನಿಂತು, ಹೊಡೆದು ಕೊಂದರೆ ರಕ್ತ ಹೆಚ್ಚು ಹರಿದು ನಾರುತ್ತಿದ್ದುದರಿಂದ ಕೊರಳಿಗೆ ತಂತಿ ಬಿಗಿಯುವ ಉಪಾಯ ಕಂಡುಕೊಂಡೆನೆಂದು ವಿವರಿಸಿ, ಅಲ್ಲಿಯೇ ಕುಣಿಯುತ್ತಾನೆ. ಮಲತಂದೆಯನ್ನು ಆ ಕಾಲದಲ್ಲಿ ಕಳೆದುಕೊಂಡ ನೆರೆಯವನೊಬ್ಬ ತನ್ನ ದುಃಖವನ್ನು ಇಂಥವರ ಮುಂದೆ ನಗುನಗುತ್ತಲೇ ಹೇಳಬೇಕಾಗುತ್ತದೆ. ವೇದಾಂತಿಗಳು ಹೇಳುವ ಸಾಕ್ಷಿ, ಅಂದರೆ ಎಲ್ಲವನ್ನೂ ಕಂಡೂ ಯಾವುದಕ್ಕೂ ಅಂಟಿಕೊಳ್ಳದ ಚೈತನ್ಯ, ಇಲ್ಲಿ ಕ್ಯಾಮೆರಾಕ್ಕೆ ಎಟುಕುವ ಸ್ಥಿತಿಯಲ್ಲ. ಏಕೆಂದರೆ ಕೊಂದವನಿಗೆ ವೇದಿಕೆ ಒದಗಿಸಿದ್ದೇ ಅದು. ಕೊನೆಗೆ ಅದೇ ಮಹಡಿಯಲ್ಲಿ ಅನ್ವರ್ ಓಕರಿಸುತ್ತಾನೆ, ಏನೂ ಹೊರಬರುವುದಿಲ್ಲ. ಇದನ್ನೇ ಪಶ್ಚಾತ್ತಾಪವೆಂದು ಹಲವರು ಬಗೆದಿದ್ದರೂ, ಅನುತಾಪವು ನೊಂದವರ ಕಡೆಗೆ ಮುಖ ಮಾಡಬೇಕಾದದ್ದರಿಂದ, ದೇಹದ ಈ ಹೇವರಿಕೆಯನ್ನು ಆ ಹೆಸರಿನಿಂದ ಕರೆಯಲಾಗದು.

ಎರಡನೆಯ ಚಿತ್ರ 'ದಿ ಲುಕ್ ಆಫ್ ಸೈಲೆನ್ಸ್' (2014) ನೈತಿಕವಾಗಿ ಹೆಚ್ಚು ಆಳವಾದದ್ದು, ಏಕೆಂದರೆ ಅಲ್ಲಿ ಪ್ರಶ್ನೆ ಕೇಳುವವನು ನೊಂದ ಮನೆಯವನೇ. ಅಣ್ಣನ ಕೊಲೆಯ ನಂತರ ಹುಟ್ಟಿದ ಆದಿ ರುಕುನ್ ಮನೆಮನೆಗೆ ಹೋಗಿ ಕಣ್ಣು ಪರೀಕ್ಷಿಸಿ ಕನ್ನಡಕ ಕೊಡುವವನು; ಮುದುಕರಾದ ಕೊಲೆಗಾರರ ಮೂಗಿನ ಮೇಲೆ ಪರೀಕ್ಷೆಯ ಚೌಕಟ್ಟು ಕೂರಿಸಿ, ಒಂದೊಂದೇ ಮಸೂರ ಬದಲಿಸುತ್ತಾ, ಅವರು ಮಾಡಿದ್ದೇನೆಂದು ಕೇಳುತ್ತಾನೆ. ಅವನಿಗೆ ಸೇಡು ಬೇಕಿಲ್ಲ, ತಪ್ಪೊಪ್ಪಿಗೆಯ ಒಂದು ಮಾತು ಸಾಕು. ಅದನ್ನು ಕೊಡುವುದರ ಬದಲು ಕೆಲವರು ಬೆದರಿಸುತ್ತಾರೆ. ಈ ಕೇಳುವಿಕೆಗೆ ಬೆಲೆಯೂ ತೆರಬೇಕಾಯಿತು: ಆದಿಯ ಕುಟುಂಬ ಸುರಕ್ಷತೆಗಾಗಿ ಊರು ಬಿಟ್ಟಿತು, ಸ್ಥಳೀಯ ತಂತ್ರಜ್ಞರಲ್ಲಿ ಅನೇಕರು ಚಿತ್ರದ ಹೆಸರುಪಟ್ಟಿಯಲ್ಲಿ ಅನಾಮಿಕರಾಗಿಯೇ ಉಳಿದರು.

ಕೊಲೆಯಾದವರ ರಕ್ತವನ್ನು ತನ್ನ ತಂದೆ ಕುಡಿದಿದ್ದನೆಂದು ಅವನ ಪಕ್ಕದಲ್ಲೇ ಕುಳಿತು ಕೇಳಿದ ಮಗಳೊಬ್ಬಳು ಮಾತ್ರ ಆದಿಯ ಕ್ಷಮೆ ಬೇಡುತ್ತಾಳೆ. ಕರ್ಮದ ಫಲವನ್ನು ಮಾಡಿದವನೇ ಉಣ್ಣಬೇಕೆಂಬ ಸಿದ್ಧಾಂತವು ಈ ಅನುತಾಪವನ್ನು ಯಾರ ಲೆಕ್ಕಕ್ಕೆ ಬರೆಯುತ್ತದೆಂದು ಹೇಳುವುದು ಕಷ್ಟ. ಆಕೆ ಪಾಪ ಮಾಡಿದವಳಲ್ಲ, ಆದರೂ ತಂದೆಯ ಬಾಯಿಂದ ಬಂದ ಖ್ಯಾಪನಕ್ಕೆ ಇಲ್ಲದಿದ್ದ ಅರ್ಧವನ್ನು ಒದಗಿಸಿದವಳು ಅವಳೇ.