ವಿನಯವೂ ದಾಕ್ಷಿಣ್ಯವೂ

ವಿನಯವು ಮನುಷ್ಯನಿಗೆ ಭೂಷಣವೆಂಬುದರಲ್ಲಿ ಎರಡು ಮಾತಿಲ್ಲ. ಆದರೆ ವಿನಯವೆಂದು ನಾವು ಮೆಚ್ಚಿಕೊಳ್ಳುವುದರಲ್ಲಿ ಬಹುಪಾಲು ಬರಿಯ ದಾಕ್ಷಿಣ್ಯ. ಮದುವೆಯ ಮಾತುಕತೆಗೆ ಕುಳಿತ ಹಿರಿಯರಲ್ಲಿ, ಗಂಡಿನ ಕಡೆಯವರು ಕೇಳಿದ ವರದಕ್ಷಿಣೆ ಅನ್ಯಾಯವೆಂದು ಬಲ್ಲವರು ಇದ್ದೇ ಇರುತ್ತಾರೆ. ನಾಲ್ವರ ಮುಂದೆ ಮಾತು ಕೆಡಬಾರದೆಂದು ಅವರೂ ಎಲೆಯಡಿಕೆ ಹಾಕಿಕೊಂಡು ಸುಮ್ಮನಾಗುತ್ತಾರೆ. ಇದಕ್ಕೆ ಸಭ್ಯತೆಯೆಂದು ಹೆಸರು! ವಿನಯಶೀಲನು ಬಿಡುವುದು ಅಹಂಕಾರವನ್ನು. ದಾಕ್ಷಿಣ್ಯಕ್ಕೆ ಸಿಕ್ಕವನು ತನ್ನ ಅರಿವನ್ನೇ ಬಿಟ್ಟುಕೊಡುತ್ತಾನೆ.

ಈ ದೌರ್ಬಲ್ಯ ನಮ್ಮ ನಾಡಿಗಷ್ಟೇ ಸೇರಿದ್ದಲ್ಲ. ಅಮೆರಿಕದ ಮನಶ್ಶಾಸ್ತ್ರಜ್ಞ ಸಾಲೊಮನ್ ಆಶ್ 1951ರಲ್ಲಿ ಪ್ರಕಟಿಸಿದ ಪ್ರಯೋಗವೊಂದಿದೆ. ಯಾವ ಗೆರೆ ಯಾವುದಕ್ಕೆ ಸಮವೆಂದು ನೋಡಿ ಹೇಳುವುದಷ್ಟೇ ಕೆಲಸ. ಮೊದಲೇ ಹೇಳಿಕೊಟ್ಟಿದ್ದ ಜೊತೆಗಾರರು ಒಮ್ಮತದಿಂದ ತಪ್ಪು ಉತ್ತರ ನೀಡಿದಾಗ, ವಿಷಯವರಿಯದ ವಿದ್ಯಾರ್ಥಿಗಳ ಉತ್ತರಗಳಲ್ಲಿ ಸುಮಾರು ಮೂರರಲ್ಲೊಂದು ಪಾಲು ಆ ತಪ್ಪನ್ನೇ ಅನುಸರಿಸಿತು. ಗುಂಪಿನಲ್ಲಿ ಒಬ್ಬನಾದರೂ ಸರಿಯಾದುದನ್ನು ನುಡಿದರೆ ಮಾತ್ರ ಈ ಅನುಸರಣೆ ಬಹಳವಾಗಿ ತಗ್ಗುತ್ತಿತ್ತು.

ಹಾಗೆ ಮೊದಲು ನುಡಿಯುವ ಒಬ್ಬರನ್ನು ಶರಣರಲ್ಲಿ ಅರಸುವುದಾದರೆ ಆಯ್ದಕ್ಕಿ ಲಕ್ಕಮ್ಮನವರು ನೆನಪಾಗುತ್ತಾರೆ. ಬಸವಣ್ಣನವರ ಮಹಾಮನೆಯ ಅಂಗಳದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತರುವುದು ಪತಿ ಮಾರಯ್ಯನವರ ಕಾಯಕ. ಒಂದು ದಿನ ಅವರು ಎಂದಿಗಿಂತ ಹೆಚ್ಚು ಅಕ್ಕಿ ತಂದರು. ಲಕ್ಕಮ್ಮನವರು ಆ ಆಸೆಯನ್ನು ಒಪ್ಪದೆ, ಹೆಚ್ಚಿನದನ್ನು ಅಲ್ಲಿಯೇ ಸುರಿದು ಬರುವಂತೆ ಹೇಳಿದರೆಂಬುದು ಪರಂಪರೆಯ ಕಥನ. ಎಷ್ಟು ಸಂಕೋಚಗಳನ್ನು ಅವರು ದಾಟಿರಬೇಕು! ಎದುರಿಗಿರುವವನು ಗಂಡ, ಅಕ್ಕಿ ಬಂದುದು ಬಿಜ್ಜಳನ ಭಂಡಾರಿಯ ಮನೆಯಿಂದ, ತಮ್ಮದೋ ಬಡ ಸಂಸಾರ. ಇಂದಿನ ನಮ್ಮ ಓಣಿಯ ಸೊಸೆಯೊಬ್ಬಳು ಹೀಗೆ ನುಡಿದಿದ್ದರೆ ಅವಳಿಗೆ ಬಾಯಿ ಜೋರೆಂದು ನಾವೇ ಹೇಳುತ್ತಿದ್ದೆವು.

ಮಠದ ಸಭೆಗಳಲ್ಲಿಯೂ ಪ್ರಶ್ನೆ ಕೇಳುವ ಭಕ್ತನನ್ನು ಉದ್ಧಟನೆಂದು ಕಾಣುವುದುಂಟು. ಶೂನ್ಯಸಂಪಾದನೆಯನ್ನು ಓದಿದವರಿಗೆ ಇದು ವಿಚಿತ್ರವಾಗಿ ತೋರಬೇಕು. ಅಲ್ಲಿ ಕಲ್ಯಾಣಕ್ಕೆ ಬಂದ ಅಕ್ಕಮಹಾದೇವಿಯನ್ನು ಅಲ್ಲಮಪ್ರಭುಗಳು ಉಪಚಾರದ ಮಾತಿನಿಂದ ಬರಮಾಡಿಕೊಳ್ಳುವುದಿಲ್ಲ, ಕಟುವಾಗಿ ಪ್ರಶ್ನಿಸುತ್ತಾರೆ. ಅಕ್ಕನೂ ಪ್ರಭುವಿನ ಹಿರಿಮೆಗೆ ಅಂಜಿ ತನ್ನ ನಿಲುವನ್ನು ಮೃದುಗೊಳಿಸಿಕೊಳ್ಳುವುದಿಲ್ಲ. ಆಕೆಗೆ ಗೌರವ ಸಂದುದು ಆ ನಿಷ್ಠುರ ಸಂವಾದದ ನಂತರ.

ನೇರನುಡಿಯಿಂದ ಪ್ರೀತಿ ಕೆಡುವುದೆಂಬ ಭಯ ನಮಗೆ. ಗಂಡನನ್ನು ತಿದ್ದಿದ ಲಕ್ಕಮ್ಮನವರ ವಚನಗಳ ಅಂಕಿತವಾದರೋ 'ಮಾರಯ್ಯಪ್ರಿಯ ಅಮರೇಶ್ವರಲಿಂಗ'.