ಹಿಂದಿನ ಬೆಂಚು, ಗೆಳೆಯನ ಮೌನ

ಫ್ರಾನ್ಸಿನಲ್ಲಿ ತಯಾರಾಗಿ 2015ರಿಂದ ಟಿ.ವಿ.ಯಲ್ಲಿ ಬಂದ ‘ಮಿರಾಕ್ಯುಲಸ್’ ಕಾರ್ಟೂನ್ ಸರಣಿಯನ್ನು ಮಕ್ಕಳಾಟ ಅಂತ ತಳ್ಳಿಹಾಕುವಂತಿಲ್ಲ. ಪ್ಯಾರಿಸ್ಸಿನ ಬೇಕರಿಯವನ ಮಗಳು ಮಾರಿನೆಟ್. ಕೆಂಪು ಮುಖವಾಡ ತೊಟ್ಟರೆ ಅವಳೇ ಊರು ಕಾಯುವ ಲೇಡಿಬಗ್. ಈ ಗುಟ್ಟು ಗೆಳೆಯರಿಗೆ ಗೊತ್ತಿಲ್ಲ.

ಸರಣಿಯ ಮೂರನೇ ಭಾಗದಲ್ಲಿ ‘ಗೋಸುಂಬೆ’ ಅಂತ ಒಂದು ಕಥೆ. ಮಾರಿನೆಟ್ ತಡವಾಗಿ ತರಗತಿಗೆ ಬಂದರೆ ಅವಳ ಜಾಗ ಅವಳದಾಗಿ ಉಳಿದಿಲ್ಲ. ಕಿವಿಯ ತೊಂದರೆ ಅಂತ ಸುಳ್ಳು ಹೇಳಿ ಲೀಲಾ ಮುಂದೆ ಕೂತಿದ್ದಾಳೆ. ಉಳಿದವರೆಲ್ಲ ತಮ್ಮತಮ್ಮಲ್ಲೇ ಹೊಂದಿಸಿಕೊಂಡಿದ್ದಾರೆ. ಮಾರಿನೆಟ್‌ಗೆ ಉಳಿದದ್ದು ಹಿಂದಿನ ಬೆಂಚು, ಒಂಟಿಯಾಗಿ. ಅವಳನ್ನು ಒಂದು ಮಾತು ಕೇಳಿದವರಿಲ್ಲ. ಹಿಂದಿನ ಬೆಂಚು ಅಂದರೇನು ಅಂತ ನಮ್ಮ ಮೇಷ್ಟ್ರುಗಳಿಗೆ ಬಿಡಿಸಿ ಹೇಳಬೇಕಾಗಿಲ್ಲ.

ಲೀಲಾಳಿಗೆ ರಾಜಕುಮಾರರೂ ಹಾಡುಗಾರರೂ ಗೊತ್ತಂತೆ. ಸುಳ್ಳು ನಂಬಿದವರು ದಡ್ಡರಲ್ಲ. ಆ ಸುಳ್ಳಿನಲ್ಲಿ ಅವರವರಿಗೂ ಒಂದೊಂದು ಆಸೆಯಿತ್ತು. ಆಪ್ತ ಗೆಳತಿ ಆಲ್ಯಾ, ವರದಿಗಾರ್ತಿಯಾಗಬೇಕೆಂದಿರುವವಳು, ಮಾರಿನೆಟ್‌ಳಿಂದ ಪುರಾವೆ ಕೇಳುತ್ತಾಳೆ. ಲೀಲಾಳಿಂದ ಯಾಕೆ ಕೇಳಲಿಲ್ಲ? ಮುಂದೆ ಕೂತವರ ಮಾತಿಗೆ ಪುರಾವೆ ಬೇಡ, ಹಿಂದೆ ದೂಡಿಸಿಕೊಂಡವಳ ಮಾತಿಗೆ ಬೇಕು.

ಆದರೂ ಇವರನ್ನು ಕ್ಷಮಿಸಬಹುದು, ಇವರಿಗೆ ನಿಜ ಗೊತ್ತಿರಲಿಲ್ಲ. ಏಡ್ರಿಯನ್‌ಗೆ ಗೊತ್ತಿತ್ತು. ಸುಳ್ಳು ಬಯಲು ಮಾಡಿದರೆ ಲೀಲಾಗೆ ಇನ್ನಷ್ಟು ನೋವಾಗುತ್ತದೆ, ನಮ್ಮಿಬ್ಬರಿಗೆ ಸತ್ಯ ಗೊತ್ತಿದ್ದರೆ ಸಾಲದೇ ಅನ್ನುತ್ತಾನೆ. ಇದರಲ್ಲಿ ಹುರುಳಿಲ್ಲ ಅನ್ನಲಾರೆ. ಹಿಂದೊಮ್ಮೆ ಲೇಡಿಬಗ್ ಎದುರಲ್ಲೇ ಅವಮಾನಿಸಿದ್ದಕ್ಕೇ ಲೀಲಾ ವೈರಿಯಾದದ್ದು. ಆದರೆ ಈ ಸಜ್ಜನಿಕೆಯ ಖರ್ಚು ಯಾರ ಲೆಕ್ಕಕ್ಕೆ? ಜಾಗ ಕಳೆದುಕೊಂಡವನು ಅವನಲ್ಲವಲ್ಲ! ಇಬ್ಬರಿಗೇ ಗೊತ್ತಿರುವ ಸತ್ಯ ತರಗತಿಯಲ್ಲಿ ಯಾವ ಕೆಲಸವನ್ನೂ ಮಾಡುವುದಿಲ್ಲ.

ಈ ಕಥೆಯ ಲೋಕದಲ್ಲಿ ಇನ್ನೊಂದು ಕಟ್ಟಳೆಯಿದೆ. ಹಾಕ್ ಮಾತ್ ಎಂಬ ಖಳ ಕಪ್ಪು ಚಿಟ್ಟೆ ಬಿಡುತ್ತಾನೆ. ಅದು ಹುಡುಕಿಕೊಂಡು ಬರುವುದು ನೊಂದವರನ್ನು, ಸಿಟ್ಟಾದವರನ್ನು. ಬಂದು ಅವರನ್ನು ದುಷ್ಟರನ್ನಾಗಿ ಮಾಡುತ್ತದೆ. ನೋಯಿಸಿದವರು ನೆಮ್ಮದಿಯಾಗಿದ್ದರೆ ಅವರ ಹತ್ತಿರ ಸುಳಿಯುವುದೇ ಇಲ್ಲ. ಅವತ್ತು ಮಾರಿನೆಟ್‌ಳ ಕಡೆಗೂ ಹಾರಿಬರುತ್ತದೆ. ಹುಡುಗಿ ಅಳು ನುಂಗಿ, ಉಸಿರು ಬಿಗಿಹಿಡಿದು ಪಾರಾಗಬೇಕು. ಗೆಳೆಯರು ತಿದ್ದಿಕೊಳ್ಳಲಿ ಅಂತ ಯಾರೂ ಹೇಳುವುದಿಲ್ಲ. ನೀನು ಸಿಟ್ಟಾಗಬೇಡ ಅಂತ ಅವಳಿಗೇ ಪಾಠ. ಯಾವ ನ್ಯಾಯ ಇದು? ಸಿಟ್ಟನ್ನು ನೋಡಿದೊಡನೆ ರೋಗ ಅನ್ನುವವರು, ಅದು ಎಲ್ಲಿಂದ ಬಂತು ಅಂತ ಕೇಳುವ ಗೋಜಿಗೆ ಹೋಗುವುದಿಲ್ಲ.

ಅದೇ ಭಾಗದ ಇನ್ನೊಂದು ಕಥೆಯಲ್ಲಿ, ಕಳ್ಳತನದ ಸುಳ್ಳು ಆರೋಪದ ಮೇಲೆ ಮಾರಿನೆಟ್‌ಳನ್ನು ಶಾಲೆಯಿಂದಲೇ ಹೊರಹಾಕುತ್ತಾರೆ. ಆಗ ಏಡ್ರಿಯನ್ ಲೀಲಾಳ ಹತ್ತಿರ ಹೋಗಿ ಮಾತಾಡುತ್ತಾನೆ. ತನಗೆ ಸುಳ್ಳು ಹೇಳುವ ಕಾಯಿಲೆ ಅಂತ ಅವಳು ಮತ್ತೊಂದು ಸುಳ್ಳು ಹೇಳಿ ಆರೋಪ ಹಿಂತೆಗೆದುಕೊಳ್ಳುತ್ತಾಳೆ. ಮಾರಿನೆಟ್ ವಾಪಸಾಗುತ್ತಾಳೆ. ಏಡ್ರಿಯನ್ ಮಾತಾಡಿದ್ದು ಮಾತ್ರ ಲೀಲಾಳೊಬ್ಬಳ ಜೊತೆ, ತರಗತಿಯ ಎದುರಿಗಲ್ಲ.